ಮೆಣಸು ಮಾರಿದ ದುಡ್ಡಿನಲ್ಲಿ ಕಳ್ಳ ಸೆಕೇಡ್ ಹಿಡಿದದ್ದು

ತಲೆಸುತ್ತಿನವರ ಕಣ್ಣಿನ ಚಲನೆ ಅಳೆಯಲು ನಾನೇ ಮಾಡಿಕೊಂಡ ಗಾಗಲ್ ನೋಡಿ ಮೊದಲು ನಕ್ಕವರು ನನ್ನ ಗೆಳೆಯರೇ ಆದ ಒಬ್ಬ ವೈದ್ಯರು. "ಬೆಸುಗೆ ಹಾಕುವವನ ಕನ್ನಡಕಕ್ಕೆ ಆಟದ ಕ್ಯಾಮೆರಾ ಅಂಟಿಸಿ ಒಳಗಿವಿ ಪರೀಕ್ಷೆ ಮಾಡುತ್ತೀರಾ? ನಾಳೆ ಕಾಫಿ ಪಲ್ಪರ್‌ಗೆ ಮೋಟಾರು ಜೋಡಿಸಿ ಎಂಆರ್‌ಐ ಶುರುಮಾಡಿ" ಎಂದಿದ್ದರು. ಕಳೆದ ಕಕ್ಕಡದಿಂದ, ಅಂದರೆ ಕೊಡಗಿನ ಜೋರು ಮಳೆಯ ತಿಂಗಳಿಂದ, ಅವರೇ ತಲೆಸುತ್ತಿನವರನ್ನು ನನ್ನಲ್ಲಿಗೆ ಕಳುಹಿಸುತ್ತಿದ್ದಾರೆ. ಆದ್ದರಿಂದ ಇದನ್ನು ಬರೆಯುವ ಧೈರ್ಯ ಬಂದಿದೆ.

ನಾನು ವಿರಾಜಪೇಟೆಯಲ್ಲಿ ಸಣ್ಣ ಕೋಣೆಯೊಂದರಲ್ಲಿ ಕೆಲಸ ಮಾಡುವ ಶ್ರವಣ ತಜ್ಞ. ಓದುವವರಲ್ಲಿ ಹೆಚ್ಚಿನವರು ಇದೇ ಕಸುಬಿನವರಾದ್ದರಿಂದ ನಿಸ್ಟಾಗ್ಮಸ್ ಎಂದರೇನು, ಗೈನ್ ಎಂದರೇನು ಎಂದು ಉದ್ದಕ್ಕೆ ವಿವರಿಸಲು ಹೋಗುವುದಿಲ್ಲ. ಮೊದಲನೆಯದು ಕಣ್ಣು ತಾನಾಗಿಯೇ ಮತ್ತೆ ಮತ್ತೆ ಜಗ್ಗುವುದು, ಎರಡನೆಯದು ತಲೆಯ ವೇಗಕ್ಕೆ ಕಣ್ಣಿನ ವೇಗದ ಅನುಪಾತ. ಹಾಲ್ಮಾಜಿ ಮತ್ತು ಕರ್ಥಾಯ್ಸ್ 1988ರಲ್ಲಿ ತೋರಿಸಿಕೊಟ್ಟ ಹೆಡ್ ಇಂಪಲ್ಸ್ ಪರೀಕ್ಷೆಯನ್ನು ನಾವೆಲ್ಲ ಬರಿಗಣ್ಣಿನಲ್ಲೇ ಮಾಡುತ್ತ ಬಂದಿದ್ದೇವೆ. ಎದುರು ಕುಳಿತವರ ತಲೆಯನ್ನು ಫಕ್ಕನೆ ತಿರುಗಿಸಿದಾಗ ಅವರ ಕಣ್ಣು ನಮ್ಮ ಮೂಗನ್ನು ಬಿಡದೆ ನಿಂತರೆ ಸರಿ. ಜಾರಿ, ಮತ್ತೆ ನೆಗೆದು ಬಂದರೆ ಆ ಬದಿಯ ಒಳಗಿವಿ ಸೋತಿದೆ. ಇಷ್ಟು ಸುಲಭವಾಗಿದ್ದರೆ ನನ್ನ ಹಣ ಉಳಿಯುತ್ತಿತ್ತು. ಕೆಲವರಲ್ಲಿ ತಲೆ ಇನ್ನೂ ತಿರುಗುತ್ತಿರುವಾಗಲೇ, ಸುಮಾರು 100 ಮಿಲಿಸೆಕೆಂಡಿನ ಹೊತ್ತಿಗೆ, ಮಿದುಳು ಕಣ್ಣನ್ನು ನೆಗೆಸಿ ಗುರಿಗೆ ತಂದಿಟ್ಟುಬಿಡುತ್ತದೆ. ತಲೆ ನಿಂತ ಮೇಲೆ ನೋಡಿದರೆ ಕಣ್ಣು ಏನೂ ಅರಿಯದ ಸಾಧುವಿನ ಹಾಗೆ ಮೂಗಿನ ಮೇಲೇ ಇರುತ್ತದೆ. ಕಣ್ಣಿನ ಇಂಥ ನೆಗೆತಕ್ಕೆ ಸೆಕೇಡ್ ಎನ್ನುತ್ತಾರೆ, ಇದನ್ನು ನಾನು ಕಳ್ಳ ಸೆಕೇಡ್ ಎಂದು ಕರೆಯುತ್ತೇನೆ. ಎಷ್ಟು ಅನುಭವ ಇದ್ದರೂ ಬರಿಗಣ್ಣಿಗೆ ಇದು ಸಿಗುವುದಿಲ್ಲ.

ಹಿಡಿಯುವ ಯಂತ್ರ ಇದೆ. ಬೆಲೆ ವಿಚಾರಿಸಿದಾಗ ಹೇಳಿದ ಮೊತ್ತದಲ್ಲಿ ನನ್ನ ಕೋಣೆಯನ್ನೇ ಕೊಂಡುಕೊಳ್ಳಬಹುದಿತ್ತು. ಅದಕ್ಕೆ ಮೇಲೆ ವರ್ಷ ವರ್ಷ ನಿರ್ವಹಣೆಯ ಹಣ. ತಲೆಸುತ್ತಿನವರು ನನ್ನಲ್ಲಿಗೆ ತಿಂಗಳಿಗೆ ಹದಿನೈದು, ಮಳೆಗಾಲದಲ್ಲಿ ಎಂಟು. ಲೆಕ್ಕ ಹೊಂದುವುದಿಲ್ಲ. ಆ ವರ್ಷ ಕರಿಮೆಣಸು ಚೆನ್ನಾಗಿ ಬಿಟ್ಟಿತ್ತು. ಎರಡು ಚೀಲ ಮಾರಿದ ಹಣವನ್ನು ಮನೆಯಾಕೆಗೆ ಹೇಳದೆ ಪಕ್ಕಕ್ಕಿಟ್ಟೆ.

ಮೊದಲ ಗಾಗಲ್ ಅಕ್ಷರಶಃ ವೆಲ್ಡಿಂಗ್ ಕನ್ನಡಕ, ಇನ್ನೂರೈವತ್ತು ರೂಪಾಯಿ. ಕ್ಯಾಮೆರಾ ಪ್ಲೇಸ್ಟೇಷನ್ 3ರ ಹಳೆಯ ಕಣ್ಣು, ಸುಮಾರು ಒಂಬೈನೂರಕ್ಕೆ ಸಿಕ್ಕಿತು. 320×240 ಚಿತ್ರಕ್ಕೆ ಇಳಿಸಿದರೆ ಸೆಕೆಂಡಿಗೆ 120 ಫ್ರೇಮ್ ಕೊಡುತ್ತದೆ. ಹೆಡ್ ಇಂಪಲ್ಸ್ ಇರುವುದೇ 150 ಮಿಲಿಸೆಕೆಂಡ್. ಸಾಮಾನ್ಯ ವೆಬ್‌ಕ್ಯಾಮಿನ 30 ಫ್ರೇಮಿನಲ್ಲಿ ನಾಲ್ಕೈದು ಚಿತ್ರ ಸಿಗುತ್ತವೆ, ಇದರಲ್ಲಿ ಹದಿನೆಂಟು. ಆಸ್ಪತ್ರೆಯ ಯಂತ್ರಗಳು 250ರ ಆಸುಪಾಸಿನಲ್ಲಿ ಓಡುತ್ತವೆ, ಅದು ಬೇರೆ ಮಾತು. ಲೆನ್ಸಿನ ಹಿಂದಿನ ಇನ್‌ಫ್ರಾರೆಡ್ ತಡೆಯುವ ಗಾಜನ್ನು ಬ್ಲೇಡಿನಿಂದ ಕೆರೆದು ತೆಗೆದೆ. ಮೊದಲ ಕ್ಯಾಮೆರಾದ ಸೆನ್ಸರ್ ಅಲ್ಲೇ ಹೋಯಿತು, ಎರಡನೆಯದು ಉಳಿಯಿತು. ಹಗಲ ಬೆಳಕು ಬಾರದಂತೆ ತಡೆಯಲು ಫೋಟೋ ಸ್ಟುಡಿಯೋದವರ ಹಳೆಯ ಡಬ್ಬದಲ್ಲಿದ್ದ ಕಲರ್ ನೆಗೆಟಿವ್‌ನ ಕಪ್ಪು ತುದಿಯನ್ನು ಎರಡು ಪದರ ಇಟ್ಟೆ. ಯಾರದೋ ಮದುವೆಯ ರೀಲಿನ ತುದಿ ಅದು. ಕಣ್ಣಿಗೆ ಕಪ್ಪು, ಇನ್‌ಫ್ರಾರೆಡ್‌ಗೆ ತೆರೆದ ಬಾಗಿಲು.

ಮೊದಲ ಪೆಟ್ಟು ಬಿದ್ದದ್ದು ಕಣ್ಣಿಗೆ ಇನ್‌ಫ್ರಾರೆಡ್ ಬೆಳಕು ಬೀರುವ ಎಲ್‌ಇಡಿಯಿಂದ. 850 ನ್ಯಾನೋಮೀಟರಿನವು ಅಗ್ಗ, ಚಿತ್ರವೂ ಚೆನ್ನ. ಆದರೆ ತಿಂಗಳಿಡೀ ನನಗೆ ಒಬ್ಬರಲ್ಲೂ ನಿಸ್ಟಾಗ್ಮಸ್ ಕಾಣಿಸಲಿಲ್ಲ. ಮಂಚದಿಂದ ಏಳಲಾಗದೆ ಗೋಡೆ ಹಿಡಿದು ಬಂದವರ ಕಣ್ಣೂ ಕಲ್ಲಿನಂತೆ ನಿಂತಿತ್ತು. ಕೊನೆಗೆ ಒಬ್ಬರು ಅಜ್ಜಿ ಹೇಳಿದರು: "ಮಗನೇ, ಒಳಗೆ ಕೆಂಪು ಚುಕ್ಕಿ ಚೆಂದ ಕಾಣುತ್ತದೆ, ಅದನ್ನೇ ನೋಡುತ್ತಿದ್ದೇನೆ." 850 ಮಂದವಾಗಿ ಕೆಂಪಗೆ ಹೊಳೆಯುತ್ತದೆ. ಒಳಗಿವಿಯ ನಿಸ್ಟಾಗ್ಮಸ್ ಏನಾದರೊಂದನ್ನು ದಿಟ್ಟಿಸಿದೊಡನೆ ಅಡಗುತ್ತದೆ. ಕಿರುಮಿದುಳು ಅದನ್ನು ಒತ್ತಿ ಹಿಡಿಯುತ್ತದೆ. ಪುಸ್ತಕದಲ್ಲಿ ಓದಿ ಪರೀಕ್ಷೆಯಲ್ಲಿ ಬರೆದು ಅಂಕ ಗಿಟ್ಟಿಸಿದ ವಿಷಯವನ್ನು ಅಜ್ಜಿಯಿಂದ ಮತ್ತೆ ಕಲಿತೆ. 940ಕ್ಕೆ ಬದಲಿಸಿದ ಮೇಲೆ ಹೊಳಪು ಹೋಯಿತು, ಚಿತ್ರವೂ ಮಂಕಾಯಿತು. ನಾಲ್ಕು ಎಲ್‌ಇಡಿ ಹಾಕಬೇಕಾಯಿತು. ಕಣ್ಣಿನ ಮೇಲೆ ಬೀಳುವ ಶಕ್ತಿ ಚದರ ಸೆಂಟಿಮೀಟರಿಗೆ 10 ಮಿಲಿವಾಟ್ ದಾಟಬಾರದು. ಗೆಳೆಯನೊಬ್ಬನ ಮೀಟರಿನಲ್ಲಿ ಅಳೆಸಿ, ಮಿತಿಗಿಂತ ಎಷ್ಟೋ ಕೆಳಗೆ ನಿಲ್ಲಿಸಿದ್ದೇನೆ. ಇದರಲ್ಲಿ ಮಾತ್ರ ಯಾರೂ ಅಂದಾಜಿನಿಂದ ಕೆಲಸ ಮಾಡಬೇಡಿ.

ತಲೆ ತಿರುಗುವ ವೇಗ ಅಳೆಯಲು ಎಂಪಿಯು 6050 ಎಂಬ ಗೈರೋ ಚಿಪ್, ಇನ್ನೂರು ಚಿಲ್ಲರೆ. ನನ್ನ ಎರಡು ತಿಂಗಳನ್ನು ತಿಂದದ್ದು ಈ ಇನ್ನೂರು ರೂಪಾಯಿಯ ಚೂರು.

ಮನೆಯವರು, ತಮ್ಮ, ಪಕ್ಕದ ಔಷಧ ಅಂಗಡಿಯ ಹುಡುಗರು, ಎಲ್ಲರೂ ಆರೋಗ್ಯವಂತರೇ, ಆದರೆ ಗೈನ್ 1.2, 1.3 ಬರುತ್ತಿತ್ತು. ಒಂದರ ಸುತ್ತ ಇರಬೇಕಾದ್ದು. ಗೈನ್ ಹೆಚ್ಚು ಬಂದರೆ ಗಾಗಲ್ ಜಾರುತ್ತಿದೆ ಎಂದು ಎಲ್ಲರೂ ಹೇಳುತ್ತಾರೆ, ನಾನೂ ನಂಬಿದೆ. ಪಟ್ಟಿ ಬಿಗಿದೆ. ಸ್ಪಂಜು ಬದಲಿಸಿದೆ. ತಮ್ಮನ ಮೂಗಿನ ಮೇಲೆ ಎರಡು ದಿನ ಉಳಿಯುವ ಗೆರೆ ಮೂಡಿಸಿದೆ. ಎರಡು ತಿಂಗಳ ನಂತರ ಒಂದು ರಾತ್ರಿ, ಕರೆಂಟಿಲ್ಲದೆ ಲ್ಯಾಪ್‌ಟಾಪಿನ ಬ್ಯಾಟರಿಯಲ್ಲಿ ಹಳೆಯ ಪರೀಕ್ಷೆಗಳ ಗ್ರಾಫಿನ ಗೆರೆಗಳನ್ನು ನೋಡುತ್ತ ಕುಳಿತಿದ್ದಾಗ, ತಲೆಯ ವೇಗದ ಗುಡ್ಡಗಳೆಲ್ಲ ನೆತ್ತಿ ಬೋಳಿಸಿದಂತೆ ಸಪಾಟಾಗಿರುವುದು ಕಂಡಿತು. ಸರಿಯಾಗಿ 250ಕ್ಕೆ. ಆ ಗೈರೋ ಮೊದಲಿಂದಲೇ ಸೆಕೆಂಡಿಗೆ 250 ಡಿಗ್ರಿಗೆ ಹೊಂದಿಸಿಕೊಂಡು ಬರುತ್ತದೆ, ಬದಲಿಸದಿದ್ದರೆ ಅಷ್ಟಕ್ಕೇ ನಿಲ್ಲುತ್ತದೆ. ನನ್ನ ಕೈಯೋ ಬಿರುಸು, 280, 300ಕ್ಕೆ ಹೋಗುತ್ತಿತ್ತು. ತಲೆಯ ಲೆಕ್ಕ ಕಡಿಮೆಯಾಗಿ ಕಣ್ಣಿನದು ಪೂರ್ತಿ ಇದ್ದರೆ ಗೈನ್ ಏರದೆ ಇನ್ನೇನು? ಒಂದು ಸಾಲಿನ ಕೋಡ್ ಬದಲಿಸಿ 500 ಮಾಡಿದೆ. ಆ ರಾತ್ರಿ ಸಿಟ್ಟಿಗೆ ನಿದ್ದೆ ಬರಲಿಲ್ಲ.

ಅದು ಸರಿಯಾಯಿತು ಎನ್ನುವಾಗ ಇನ್ನೊಂದು. ತಲೆ ಹೊರಟ 45 ಮಿಲಿಸೆಕೆಂಡ್ ಆದ ಮೇಲೆ ಕಣ್ಣು ಹೊರಡುತ್ತಿತ್ತು. ಒಳಗಿವಿಯಿಂದ ಕಣ್ಣಿನ ಸ್ನಾಯುವಿಗೆ ನಡುವೆ ಮೂರೇ ನರಕೋಶಗಳ ದಾರಿ, ಹತ್ತು ಮಿಲಿಸೆಕೆಂಡಿನ ಒಳಗೆ ಕೆಲಸ ಮುಗಿಯಬೇಕು. ನನ್ನ ಗೆರೆಗಳನ್ನು ನಂಬಿದರೆ ವಿರಾಜಪೇಟೆಯ ಮೆಟ್ಟಿಲುಗಳನ್ನು ಇಳಿಯುವ ಪ್ರತಿಯೊಬ್ಬರಿಗೂ ಊರೇ ಕುಲುಕಿದಂತೆ ಕಾಣಬೇಕಿತ್ತು. ತಪ್ಪು ಯಾರ ಕಣ್ಣಿನದ್ದೂ ಅಲ್ಲ, ಯುಎಸ್‌ಬಿಯದ್ದು. ಚಿತ್ರ ಕಂಪ್ಯೂಟರಿಗೆ ತಲುಪಿದ ಹೊತ್ತನ್ನು ನಾನು ಚಿತ್ರ ತೆಗೆದ ಹೊತ್ತು ಎಂದು ಬರೆದುಕೊಳ್ಳುತ್ತಿದ್ದೆ. ಈ ತಡ ಒಂದೇ ಸಮನಾಗಿಯೂ ಇರಲಿಲ್ಲ, ಲ್ಯಾಪ್‌ಟಾಪ್ ಬಿಸಿಯಾದರೆ ಹೆಚ್ಚುತ್ತಿತ್ತು. ಎಲ್ಲರೂ ನನ್ನನ್ನು ಕೇಳುವುದು "ಯಾವ ಕ್ಯಾಮೆರಾ?" ಎಂದು. ಕ್ಯಾಮೆರಾ ಅಲ್ಲ, ಗಡಿಯಾರ! ಗೈರೋ ಓದುವ ಪುಟ್ಟ ಕಂಪ್ಯೂಟರ್ ಬೋರ್ಡು ಆರ್ಡುಯಿನೋದಿಂದಲೇ ಒಂದು ಪುಟಾಣಿ ಎಲ್‌ಇಡಿಯನ್ನು ಚಿತ್ರದ ಮೂಲೆಯಲ್ಲಿ ಮಿಟುಕಿಸಿದೆ. ಮಿಟುಕು ಚಿತ್ರದಲ್ಲಿ ಯಾವ ಫ್ರೇಮಿಗೆ ಬಿತ್ತೋ ಅಲ್ಲಿಗೆ ಎರಡು ಗಡಿಯಾರಗಳನ್ನು ಕೂಡಿಸಿದರೆ ಆಯಿತು. ಖರ್ಚು ಮೂರು ರೂಪಾಯಿ.

ಇದೇ ತಡದಿಂದ ಒಂದು ಚಮತ್ಕಾರ ಕಲಿತೆ, ಚಹಾದಂಗಡಿಯಲ್ಲಿ ನಂಬದವರಿಗೆ ತೋರಿಸಲು. ಕನ್ನಡಿಯಲ್ಲಿ ನಿಮ್ಮ ಎಡಗಣ್ಣನ್ನೂ ಬಲಗಣ್ಣನ್ನೂ ಒಂದಾದ ಮೇಲೊಂದು ನೋಡಿ, ಕಣ್ಣು ಚಲಿಸುವುದು ನಿಮಗೆ ಎಂದೂ ಕಾಣದು, ಪಕ್ಕದವರಿಗೆ ಕಾಣುತ್ತದೆ. ನೆಗೆತದ ಹೊತ್ತಿನಲ್ಲಿ ಮಿದುಳು ನೋಟವನ್ನು ಅಡಗಿಸಿಡುತ್ತದೆ. ಮೊಬೈಲಿನ ಸೆಲ್ಫಿ ಕ್ಯಾಮೆರಾದಲ್ಲಿ ಅದನ್ನೇ ಮಾಡಿ, ಕಾಣುತ್ತದೆ. ಚಿತ್ರ ತಡವಾಗಿ ಬರುವುದರಿಂದ ನೆಗೆತ ಮುಗಿದು ನೋಟ ಮರಳಿದ ಮೇಲೆ ಪರದೆಯಲ್ಲಿ ನೆಗೆತ ನಡೆಯುತ್ತದೆ. ಅಂಗಡಿಯವರು ಎರಡು ದಿನ ಗಿರಾಕಿಗಳನ್ನೆಲ್ಲ ಹಿಡಿದು ತೋರಿಸಿದರು.

ಫಿಲ್ಟರ್‌ನ ತಪ್ಪನ್ನೂ ಹೇಳಿಬಿಡುತ್ತೇನೆ. ಗ್ರಾಫಿನ ಗೆರೆ ಸುಂದರವಾಗಿ ಕಾಣಲೆಂದು ಕೋಡಿನಲ್ಲಿ ಫಿಲ್ಟರ್ ಹಾಕಿ ಅತಿಯಾಗಿ ನಯಮಾಡಿದ್ದೆ. ಗೋಡೆಯ ಮೇಲೆ ಒಂದು ಮೀಟರ್ ದೂರಕ್ಕೆ ಹದಿನೇಳೂವರೆ ಸೆಂಟಿಮೀಟರ್ ಅಂತರದಲ್ಲಿ ಚುಕ್ಕಿ ಅಂಟಿಸಿದರೆ ಹತ್ತು ಡಿಗ್ರಿ. ಹತ್ತು ಡಿಗ್ರಿಯ ಸೆಕೇಡ್ 45 ಮಿಲಿಸೆಕೆಂಡಿನ ಆಸುಪಾಸಿನಲ್ಲಿ ಮುಗಿಯಬೇಕು. ನನ್ನಲ್ಲಿ ಎಲ್ಲರದ್ದೂ 90! 1971ರಲ್ಲಿ ಮುಂಬೈನ ನರರೋಗ ತಜ್ಞ ನೋಶಿರ್ ವಾಡಿಯಾ ಅವರು ನಿಧಾನ ಸೆಕೇಡ್ ಇರುವ ಕುಟುಂಬಗಳನ್ನು ವರ್ಣಿಸಿದ್ದರಲ್ಲ, ಇಂದು ಎಸ್‌ಸಿಎ 2 ಎನ್ನುವುದು. ಮಿದುಳುಕಾಂಡದಲ್ಲಿ ಕಣ್ಣನ್ನು ಸಿಡಿಸಿ ಹಾರಿಸುವ ಬರ್ಸ್ಟ್ ಕೋಶಗಳೇ ಸಾಯುವ ಕಾಯಿಲೆ. ನನ್ನ ಫಿಲ್ಟರ್ ಇಡೀ ಪೇಟೆಗೆ ಆ ಕಾಯಿಲೆಯನ್ನು ಅಂಟಿಸಿತ್ತು. ಈಗ ಯಾರದ್ದೇ ಪರೀಕ್ಷೆಗೆ ಮೊದಲು ನನ್ನದೇ ಹತ್ತು ಡಿಗ್ರಿ ನೆಗೆತವನ್ನು ಅಳೆದುಕೊಳ್ಳುತ್ತೇನೆ. 50 ದಾಟಿದರೆ ಏನೋ ಕೆಟ್ಟಿದೆ.

ನಿಜವಾಗಿಯೂ ಗಾಗಲ್ ಜಾರುವ ಸಮಸ್ಯೆಯೂ ಇತ್ತು, ಅದು ಸುಳ್ಳಲ್ಲ. ಕಣ್ಣು ತಲೆಗಿಂತ ಮುಂಚೆಯೇ ಹೊರಟಂತೆ ಶುರುವಿನಲ್ಲೇ ಒಂದು ಉಬ್ಬು ಕಂಡರೆ ಜಾರಿದೆ ಎಂದರ್ಥ. ಪಟ್ಟಿಯನ್ನು ನಾನು ಹೇಗೆ ಹೊಲಿದೆ, ಹಣೆಗೆ ಏನು ಇಟ್ಟೆ ಎಂಬುದನ್ನು ಇಲ್ಲಿ ಹೇಳುವುದಿಲ್ಲ. ಏಳು ಪಟ್ಟಿ ಹರಿದ ಮೇಲೆ ಸಿಕ್ಕಿದ್ದು. ರೆಪ್ಪೆ ಬಡಿತವನ್ನು ಬೇರ್ಪಡಿಸುವ ಕೋಡೂ ಅಷ್ಟೇ. ಬೇಕಾದವರು ವಿರಾಜಪೇಟೆಗೆ ಬಂದು ಒಂದು ಲೋಟ ಕಾಫಿ ಕುಡಿಯಲಿ. ಒಟ್ಟು ಖರ್ಚು ಈಗ ಮಾಡಿದರೆ ಆರೂವರೆ ಸಾವಿರ. ಸುಟ್ಟದ್ದು, ಮುರಿದದ್ದು, ಮಳೆಗಾಲದಲ್ಲಿ ಬೂಷ್ಟು ಹಿಡಿದು ಹಾಳಾದ ಮೂರು ಲೆನ್ಸ್ ಎಲ್ಲ ಸೇರಿ ನನಗೆ ಇಪ್ಪತ್ತಮೂರು ಸಾವಿರದ ಹತ್ತಿರ. ಬೂಷ್ಟಿಗೆ ಪರಿಹಾರ ಅಮ್ಮನದು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಗಾಗಲ್ ರಾತ್ರಿ ಮಲಗುವುದು ಒಲೆಯ ಮೇಲಿನ ಅಟ್ಟದಲ್ಲಿ, ಡಬ್ಬದೊಳಗೆ. ಸ್ವಲ್ಪ ಹೊಗೆ ವಾಸನೆ ಬರುತ್ತದೆ, ಯಾರೂ ದೂರಿಲ್ಲ.

ನಡುವೆ ದಾರಿ ತಪ್ಪಿದ್ದೂ ಉಂಟು. ಗಾಗಲ್ ಹಾಕಿಕೊಂಡು ಮಾಕುಟ್ಟ ಘಾಟಿಯ ತಿರುವುಗಳಲ್ಲಿ ಬಸ್ಸಿನಲ್ಲಿ ಕುಳಿತು ಕಣ್ಣು ಏನು ಮಾಡುತ್ತದೆ ನೋಡೋಣವೆಂದು ಹೊರಟೆ. ಹೊರಗಿನದು ಏನೂ ಕಾಣದೆ ದೇಹ ಮಾತ್ರ ತಿರುಗುತ್ತಿದ್ದರೆ ಏನಾಗುತ್ತದೆ ಎಂದು ನನಗೆ ತಿಳಿದಿರಬೇಕಿತ್ತು. ಹನ್ನೆರಡನೆಯ ನಿಮಿಷಕ್ಕೆ ಪ್ರಯೋಗ ಕಿಟಕಿಯಿಂದ ಹೊರಗೆ ಹೋಯಿತು. ಕೊಡವರ ಆಯುಧ ಪೂಜೆಯ ಹಬ್ಬವಾದ ಕೈಲ್ ಮುಹೂರ್ತದ ದಿನ ತೆಂಗಿನಕಾಯಿಗೆ ಗುಂಡು ಹೊಡೆಯುವ ಮಾವನ ಕಣ್ಣು ಅಳೆಯುವ ಆಸೆಯೂ ಹುಟ್ಟಿತ್ತು. ಬಲಗಣ್ಣು ಗುರಿ ಹಿಡಿಯಲಿ, ಎರಡೂ ಕಣ್ಣು ಜೊತೆಗೇ ಚಲಿಸುವುದರಿಂದ ಎಡಗಣ್ಣಿಗೆ ಕ್ಯಾಮೆರಾ ಇಟ್ಟರೆ ಸಾಕು ಎಂದು ನನ್ನ ಜಾಣತನ. ಕೋವಿ ಎತ್ತಿದೊಡನೆ ಮಾವ ಎಡಗಣ್ಣು ಮುಚ್ಚಿದರು. ಐವತ್ತು ವರ್ಷದ ರೂಢಿ. ಕಣ್ಣು ತೆರೆದಿಟ್ಟಿದ್ದರೂ ಏನೂ ಸಿಗುತ್ತಿರಲಿಲ್ಲ. ದಿಟ್ಟಿಸುವಾಗ ಆಗುವ ಸೂಕ್ಷ್ಮ ಸೆಕೇಡ್‌ಗಳು ಹೆಚ್ಚಿನವು ಅರ್ಧ ಡಿಗ್ರಿಗಿಂತ ಸಣ್ಣವು, ನನ್ನ ಕ್ಯಾಮೆರಾದ ಗದ್ದಲವೇ ಅಷ್ಟಿದೆ. ಮಾವ ಕಾಯಿ ಒಡೆದರು, ನಾನು ಏನನ್ನೂ ಅಳೆಯಲಿಲ್ಲ.

ಇನ್ನು ಆ ಕಕ್ಕಡದ ಕಥೆ. ಸಂಜೆ ಏಳು, ಸುರಿಯುವ ಮಳೆ. ತೋಟದ ಲೆಕ್ಕ ಬರೆಯುವ ಎಸ್ಟೇಟ್ ರೈಟರ್ ಒಬ್ಬರು, ಐವತ್ತರ ಹತ್ತಿರ, ಎರಡು ದಿನದಿಂದ ಬಿಡದ ತಲೆಸುತ್ತು, ವಾಂತಿ. ಕಣ್ಣು ಬಲಕ್ಕೆ ಜಗ್ಗುತ್ತಿದೆ. ನಕ್ಕಿದ್ದ ವೈದ್ಯರೇ ಜೊತೆಗೆ ಬಂದಿದ್ದರು. ಅವರು ತಲೆ ತಿರುಗಿಸಿ ನೋಡಿದರು, ನಾನೂ ನೋಡಿದೆ, ಎರಡು ಬದಿಗೂ ಕಣ್ಣು ಮೂಗಿನ ಮೇಲೇ. ಈ ಪರೀಕ್ಷೆಯಲ್ಲಿ ಕೆಟ್ಟ ಉತ್ತರ ಬಂದರೆ ಸಮಾಧಾನ, ಒಳ್ಳೆಯ ಉತ್ತರ ಬಂದರೆ ಭಯ. ಬಿಡದ ತಲೆಸುತ್ತಿನಲ್ಲಿ ಹೆಡ್ ಇಂಪಲ್ಸ್ ಸರಿಯಿದ್ದರೆ ತೊಂದರೆ ಒಳಗಿವಿಯದ್ದಲ್ಲ, ಮಿದುಳಿನದ್ದಿರಬಹುದು, ಪಾರ್ಶ್ವವಾಯುವನ್ನು ನೆನೆಯಬೇಕು. ವೈದ್ಯರು ಆಗಲೇ ಮೈಸೂರಿಗೆ ಗಾಡಿಗೆ ಫೋನು ಹಚ್ಚಿದ್ದರು.

"ಐದು ನಿಮಿಷ ಕೊಡಿ ಡಾಕ್ಟ್ರೇ" ಎಂದು ಗಾಗಲ್ ಕಟ್ಟಿದೆ. ಬಲಕ್ಕೆ ಗೈನ್ 0.9ರ ಮೇಲೆ. ಎಡಕ್ಕೆ 0.4ರ ಸುತ್ತ, ಹೆಚ್ಚುಕಡಿಮೆ ಪ್ರತಿ ಎಳೆತದಲ್ಲೂ ಗುಡ್ಡ ಇಳಿಯುವ ಮುಂಚೆಯೇ ಈಟಿಯಂತೆ ಒಂದು ಸೆಕೇಡ್. ಹದಿನೈದರಲ್ಲಿ ಹದಿಮೂರು ಬಾರಿ ಕಳ್ಳ ಅದೇ ಜಾಗದಲ್ಲಿ ಬೇಲಿ ಹಾರಿದ. ಮಿದುಳಿನತ್ತ ಬೆರಳು ತೋರುವ ಬೇರೆ ಗುರುತೂ ಇಲ್ಲ: ಕಣ್ಣುಗಳ ಮಟ್ಟದಲ್ಲಿ ಓರೆಯಿಲ್ಲ, ಯಾವ ಕಡೆ ನೋಡಿದರೂ ನಿಸ್ಟಾಗ್ಮಸ್ ದಿಕ್ಕು ಬದಲಿಸುವುದಿಲ್ಲ, ಕಿವಿ ಕೇಳುತ್ತಿದೆ. ಸೋತಿರುವುದು ಎಡ ಒಳಗಿವಿಯ ನರ. ವೈದ್ಯರು ಪರದೆಯನ್ನು ನೋಡಿದರು, ಮತ್ತೆ ಮಾಡಿಸಿದರು, ಮೂರನೆಯ ಸಲ ತಾವೇ ತಲೆ ಹಿಡಿದು ತಿರುಗಿಸಿದರು. ಆ ರಾತ್ರಿಯ ಗಾಡಿ ರದ್ದಾಯಿತು, ಅವರ ವಾರ್ಡಿನಲ್ಲೇ ಇಟ್ಟುಕೊಂಡರು. ಸ್ಕ್ಯಾನ್ ಬಿಡಲಿಲ್ಲ, ಎರಡು ದಿನದ ನಂತರ ಹಗಲಿನಲ್ಲಿ ಕಳುಹಿಸಿದರು. ಮಿದುಳು ಶುದ್ಧ. ಹೀಗೆಂದು ಗಾಗಲ್ ಇದ್ದರೆ ಸ್ಕ್ಯಾನ್ ಬೇಡ ಎಂದು ನಾನು ಎಲ್ಲೂ ಹೇಳಿಲ್ಲ. ಎರಡು ತಿಂಗಳಿಗೆ ಇನ್ನೊಬ್ಬರಲ್ಲಿ ಗೈನ್ ಎರಡೂ ಬದಿಗೆ ಚೆನ್ನಾಗಿದ್ದು, ನಿಸ್ಟಾಗ್ಮಸ್ ನೋಟದ ಜೊತೆ ದಿಕ್ಕು ಬದಲಿಸಿತು. ಅವರನ್ನು ಗಾಗಲ್ ಬಿಚ್ಚುವ ಮೊದಲೇ ಗಾಡಿ ಹತ್ತಿಸಿದೆವು. ಕಿರುಮಿದುಳಿನಲ್ಲಿ ರಕ್ತನಾಳ ಕಟ್ಟಿತ್ತು.

ಈಗ ಕೈಹಾಕಿರುವುದು ಒಳಗಿವಿಯ ಲಂಬ ನಾಳಗಳಿಗೆ, ತಲೆ ಮೇಲೆ ಕೆಳಗೆ ಬಾಗುವುದನ್ನು ಅರಿಯುವವಕ್ಕೆ. ಹಿಂದಿನ ನಾಳಕ್ಕೆ ತಲೆ ಎಳೆದಾಗ ಮೇಲಿನ ರೆಪ್ಪೆ ಪಾಪೆಯ ಅರ್ಧ ಮುಚ್ಚುತ್ತದೆ, ಕಂಪ್ಯೂಟರ್ ರೆಪ್ಪೆಯ ಕೂದಲನ್ನೇ ಪಾಪೆ ಎಂದುಕೊಳ್ಳುತ್ತದೆ. ರೆಪ್ಪೆಗೆ ಟೇಪ್ ಹಚ್ಚಿ ಮೇಲಕ್ಕೆ ಕಟ್ಟಿ ನೋಡಿದೆ, ತಮ್ಮ ಒಂದು ಸಲ ಒಪ್ಪಿದ. ಮಾವನನ್ನು ಕೇಳಿದ್ದಕ್ಕೆ, ಮುಂದಿನ ಕೈಲ್ ಮುಹೂರ್ತಕ್ಕೆ ತೆಂಗಿನಕಾಯಿ ನನ್ನ ತಲೆಯ ಮೇಲಿಟ್ಟರೆ ಆಗಬಹುದು ಎಂದಿದ್ದಾರೆ.