ಹಳೇ ಎವಿಐ ಫೈಲು, ಕಾಣೆಯಾದ ಡಿಎಲ್‌ಎಲ್: ಫಾರ್ಮ್ಯಾಟ್ ಹೊಡೆಯದೆ ಸರಿ ಮಾಡಿದ ನನ್ನ ಅನುಭವ

ಹಳೇ ವಿಡಿಯೋ ಎಡಿಟರ್ ತೆರೆಯುದಿಲ್ಲ ಅಂತ ತೋರಿಸಿದ್ದಕ್ಕೆ, ಫಾರ್ಮ್ಯಾಟ್ ಹೊಡೀರಿ ಬೇರೆ ದಾರಿಯೇ ಇಲ್ಲ ಅಂತ ಮಂಗ್ಳೂರಲ್ಲಿ ಒಂದೆರಡು ಕಡೆ ಹೇಳಿ ವಾಪಸ್ ಕಳಿಸಿದ ಸಿಸ್ಟಮ್ ಇದು. ಇನ್ನೊಬ್ಬರು ಫೈಲೇ ಹಾಳಾಗಿದೆ, ರಿಕವರಿಗೆ ಆರೇಳು ಸಾವಿರ ಆಗ್ತದೆ ಅಂದಿದ್ರಂತೆ. ಈಗ ಅದೇ ಡಿಸ್ಕು, ಅದೇ ವಿಂಡೋಸ್ 7, ಹೆಚ್ಚುಕಡಿಮೆ ಎಲ್ಲ ಫೈಲೂ ಎಡಿಟರಿನ ಟೈಮ್‌ಲೈನಲ್ಲಿ ಕೂತು ಓಡ್ತಾ ಉಂಟು. ಉಡುಪಿಯಲ್ಲಿ ಕೂತು ನಾನೊಬ್ಬನೇ ಮಾಡಿದ್ದು, ಅದಕ್ಕೇ ಬರೀತಾ ಇದ್ದೇನೆ.

ಸಿಸ್ಟಮ್ ಬ್ರಹ್ಮಾವರ ಕಡೆಯ ಒಬ್ಬ ಯಕ್ಷಗಾನ ಅಭಿಮಾನಿಯದ್ದು. 2003ರಿಂದ 2009ರವರೆಗೆ ರಾತ್ರಿಯಿಡೀ ನಿದ್ದೆಗೆಟ್ಟು ಹ್ಯಾಂಡಿಕ್ಯಾಮಲ್ಲಿ ಹಿಡಿದ ಆಟಗಳು, ಮುನ್ನೂರರ ಹತ್ರ ಎವಿಐ ವಿಡಿಯೋ ಫೈಲು ಇರಬಹುದು. ವಿಎಲ್‌ಸಿ ಪ್ಲೇಯರಲ್ಲಿ ಓಡ್ತದಲ್ಲ ಅಂತ ಎಲ್ಲರೂ ಹೇಳ್ತಾರೆ, ಓಡ್ತದೆ, ವಿಡಿಯೋ ಬಿಡಿಸಿ ತೋರಿಸುವ ಡಿಕೋಡರನ್ನು ಅದು ತನ್ನೊಟ್ಟಿಗೇ ತರ್ತದೆ. ಇವರಿಗೆ ಬೇಕಿದ್ದದ್ದು ಹಳೇ 32 ಬಿಟ್ ಎಡಿಟರು, ಅದರಲ್ಲಿ ಪದ್ಯ ಪದ್ಯಕ್ಕೆ ಮಾರ್ಕ್ ಹಾಕಿಟ್ಟ ಪ್ರಾಜೆಕ್ಟುಗಳು. ಅದು ತೆರೆಯುವಾಗಲೇ 0xc000007b ಅಂತ ಬಿದ್ದು ಹೋಗ್ತಿತ್ತು, ಅದರ ಮೇಲೆ ಎಕ್ಸ್‌ವಿಡ್ ಕೋಡೆಕ್ಕಿನ (ವಿಡಿಯೋ ಕುಗ್ಗಿಸಿ ಬಿಡಿಸುವ ತಂತ್ರಾಂಶ) ಎಕ್ಸ್‌ವಿಡ್‌ಕೋರ್ ಡಿಎಲ್‌ಎಲ್ ಇಲ್ಲ ಅಂತ ಕಿರಿಕಿರಿ.

ಒಳಗೆ ನೋಡಿದ್ರೆ ಯಾರೋ ನೆಟ್ಟಿಂದ ಬಿಡಿ ಬಿಡಿ ಡಿಎಲ್‌ಎಲ್ (ಪ್ರೋಗ್ರಾಮುಗಳು ಬಳಸುವ ಕೋಡ್ ಫೈಲು) ಇಳಿಸಿ ವಿಂಡೋಸಿನ ಸಿಸ್ಟಮ್32, ಸಿಸ್‌ವಾವ್64 ಎರಡೂ ಫೋಲ್ಡರಿಗೆ ಕಂಡಾಬಟ್ಟೆ ತುಂಬಿಸಿದ್ದಾರೆ. 32 ಬಿಟ್ಟಿನದ್ದು ಇರಬೇಕಾದ ಸಿಸ್‌ವಾವ್64ರಲ್ಲಿ 64 ಬಿಟ್ಟಿನ ಎಂಎಸ್‌ವಿಸಿಆರ್100 ಕೂತಿತ್ತು, 0xc000007b ಬರ್ತಿದ್ದದ್ದು ಅದರಿಂದಲೇ. ಅದನ್ನು ಕಿತ್ತು, ಆ ಡಿಎಲ್‌ಎಲ್ ಸೇರಿರುವ ವಿಷುವಲ್ ಸಿ++ 2010 ರನ್‌ಟೈಮ್ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡೂ ಹಾಕಿದ ಕೂಡ್ಲೇ ಎಡಿಟರ್ ತೆರೀತು. 64 ಬಿಟ್ ವಿಂಡೋಸ್ ಅಂತ ಎಕ್ಸ್64 ಮಾತ್ರ ಹಾಕಿ ಬಿಡುವವರು ತುಂಬ ಜನ ಇದ್ದಾರೆ, 32 ಬಿಟ್ ಪ್ರೋಗ್ರಾಮಿಗೆ ಅದರಿಂದ ಮೂರು ಕಾಸಿನ ಪ್ರಯೋಜನ ಇಲ್ಲ.

ಕೋಡೆಕ್ಕಿನದ್ದು ಬೇರೆಯೇ ಕತೆ. ಡಿಎಲ್‌ಎಲ್ ನೋಂದಾಯಿಸುವ ರೆಗ್‌ಎಸ್‌ವಿಆರ್32 ಕಮಾಂಡ್ ಹೊಡೆದು ನೋಡಿ ಅಂತ ಫೋನಲ್ಲಿ ಸಲಹೆ ಕೊಟ್ಟವರು ಎಷ್ಟೋ ಜನ. ಎಕ್ಸ್‌ವಿಡ್‌ಕೋರಿಗೆ ಅದು ಹೊಡೆದ್ರೆ ಡಿಎಲ್‌ಎಲ್‌ರಿಜಿಸ್ಟರ್‌ಸರ್ವರ್ ಎಂಟ್ರಿ ಪಾಯಿಂಟ್ ಸಿಗಲಿಲ್ಲ ಅಂತಲೇ ಬರ್ತದೆ, ಯಾಕಂದ್ರೆ ಆ ಡಿಎಲ್‌ಎಲ್‌ನಲ್ಲಿ ಆ ಎಂಟ್ರಿ ಪಾಯಿಂಟ್ ಇಲ್ಲವೇ ಇಲ್ಲ, ಅದು ಇರುದು ಡೈರೆಕ್ಟ್‌ಶೋ ಅನ್ನುವ ವಿಂಡೋಸಿನ ಇನ್ನೊಂದು ವಿಡಿಯೋ ವ್ಯವಸ್ಥೆಯ ಎಎಕ್ಸ್ ಫೈಲಲ್ಲಿ. ಎಡಿಟರ್ ಕೇಳುದು ವಿಡಿಯೋ ಫಾರ್ ವಿಂಡೋಸ್ ಅನ್ನುವ ಹಳೇ ವ್ಯವಸ್ಥೆಯ ಕೋಡೆಕ್, ಅದರ ಹೆಸರು ರಿಜಿಸ್ಟ್ರಿಯ (ವಿಂಡೋಸ್ ಸೆಟ್ಟಿಂಗುಗಳ ಕಣಜ) ಡ್ರೈವರ್ಸ್32 ಕೀಯಲ್ಲಿ ಇರಬೇಕು, 64 ಬಿಟ್ ವಿಂಡೋಸಲ್ಲಿ 32 ಬಿಟ್ಟಿನದ್ದು ವಾವ್6432ನೋಡ್ ಒಳಗೆ. ಅಲ್ಲಿ ಹೋದ್ರೆ ಒಂದರ ಮೇಲೊಂದು ಹಾಕಿದ ಕೋಡೆಕ್ ಪ್ಯಾಕುಗಳ ಪಳೆಯುಳಿಕೆ, ಅರ್ಧಕ್ಕರ್ಧ ಸಾಲು ಇಲ್ಲದ ಫೈಲನ್ನು ತೋರಿಸ್ತಾ ಉಂಟು.

ನಾನು ಕೀ ಎಕ್ಸ್‌ಪೋರ್ಟ್ ಮಾಡಿಟ್ಟು, ಪ್ಯಾಕೆಲ್ಲ ಕೊನೆಗೆ ಹಾಕಿದ್ದರಿಂದ ಶುರು ಮಾಡಿ ಹಿಂದಕ್ಕೆ ತೆಗೆದೆ, ಸತ್ತ ಸಾಲು ಅಳಿಸಿದೆ, ಆಮೇಲೆ ಎಕ್ಸ್‌ವಿಡ್ಡನ್ನು ಅದರದ್ದೇ ಇನ್‌ಸ್ಟಾಲರಿಂದ ಹಾಕಿದೆ, ಬಿಡಿ ಡಿಎಲ್‌ಎಲ್ ಒಂದೂ ಮುಟ್ಟಲಿಲ್ಲ. ಯಾವುದನ್ನು ಯಾವ ಕ್ರಮದಲ್ಲಿ ಹಾಕಿದ್ರೆ ಒಂದು ಇನ್ನೊಂದರ ಮೇಲೆ ಹತ್ತುದಿಲ್ಲ ಅನ್ನುದು ಮಾತ್ರ ನನ್ನ ಹತ್ರವೇ ಇರ್ಲಿ, ಅದೇ ನನ್ನ ಅನ್ನ.

ಇಷ್ಟರಲ್ಲಿ ಮುಕ್ಕಾಲು ಪಾಲು ಸರಿಯಾಯ್ತು. ಉಳಿದದ್ದನ್ನು, ಫೈಲಲ್ಲಿ ಯಾವ ಕೋಡೆಕ್ ಅಂತ ತೋರಿಸುವ ಮೀಡಿಯಾಇನ್ಫೊದಲ್ಲಿ ನೋಡಿದ್ರೆ ಕೆಲವು ಡಿಎಕ್ಸ್50 (ಡಿವ್‌ಎಕ್ಸ್ 5), ಕೆಲವು ಡಿಐವಿ3 (ಡಿವ್‌ಎಕ್ಸ್ 3), ಒಂದು ಸಣ್ಣ ಗುಂಪು ಇಂಡಿಯೊ 5. ಡಿಎಕ್ಸ್50ಗೆ ಹೊಸ ಕೋಡೆಕ್ ಯಾಕೆ ಮಾರಾಯ್ರೆ, ಅದೂ ಎಕ್ಸ್‌ವಿಡ್ಡೂ ಎರಡೂ ಎಂಪೆಗ್4. ಫೈಲನ್ನು ಬೈಟ್ ಬೈಟಾಗಿ ತಿದ್ದುವ ಹೆಕ್ಸ್ ಎಡಿಟರಲ್ಲಿ 112ನೇ ಬೈಟಿಂದ ನಾಲ್ಕು ಅಕ್ಷರ, 188ನೇ ಬೈಟಿಂದ ನಾಲ್ಕು ಅಕ್ಷರ ಎಕ್ಸ್‌ವಿಐಡಿ ಅಂತ ಮಾಡಿ ಸೇವ್ ಮಾಡಿದೆ, ಎಡಿಟರ್ ತಕರಾರಿಲ್ಲದೆ ತೆಗೊಂಡಿತು. ಮಾಮೂಲಿ ಎವಿಐಯಲ್ಲಿ ವಿಡಿಯೋ ಮೊದಲ ಸ್ಟ್ರೀಮ್ ಆಗಿದ್ರೆ ಫೋರ್‌ಸಿಸಿ (ಕೋಡೆಕ್ ಯಾವುದು ಅಂತ ಹೇಳುವ ನಾಲ್ಕಕ್ಷರದ ಗುರುತು) ಇರುದು ಆ ಎರಡು ಕಡೆ, ಒಂದೇ ಬದಲಿಸಿದ್ರೆ ಸಾಲದು. ಕಾಪಿ ಮೇಲೆ ಮಾಡಿ. ಡಿಐವಿ3 ಹೀಗೆ ಬಗ್ಗುದಿಲ್ಲ, ಅದು ಮೈಕ್ರೋಸಾಫ್ಟಿನ ಎಂಪೆಗ್4 ವಿ3 ಕದ್ದು ತಿದ್ದಿದ್ದು, ಹೆಸರು ಎಂಪೆಗ್4 ಆದ್ರೂ ಎಕ್ಸ್‌ವಿಡ್ಡಿಗೆ ಹೊಂದುದಿಲ್ಲ, ಅದಕ್ಕೆ ಎಫ್‌ಎಫ್‌ಡಿಶೋ ಅನ್ನುವ ಇನ್ನೊಂದು ಕೋಡೆಕ್ ಹಾಕ್ಬೇಕಾಯ್ತು.

ಇಂಡಿಯೊ ಡಿಎಲ್‌ಎಲ್ ಮತ್ತೆ ಎಬ್ಬಿಸುವ ಗೋಜಿಗೆ ಹೋಗಲಿಲ್ಲ. 2009ರ ಡಿಸೆಂಬರಲ್ಲಿ ಮೈಕ್ರೋಸಾಫ್ಟೇ ಸೆಕ್ಯುರಿಟಿ ಕಾರಣಕ್ಕೆ ಅದಕ್ಕೆ ತಡೆ ಹಾಕುವ ಅಪ್‌ಡೇಟ್ ಬಿಟ್ಟಿತ್ತು. ವಿಡಿಯೋ ರೂಪ ಬದಲಿಸುವ ಎಫ್‌ಎಫ್‌ಎಂಪೆಗ್ ಇಂಡಿಯೊ ಫೈಲನ್ನು ತಾನೇ ಓದ್ತದೆ. ಮೊದಲು ಯುಟಿ ವಿಡಿಯೋ ಕೋಡೆಕ್ಕಿಗೆ ಲಾಸ್‌ಲೆಸ್ (ಗುಣಮಟ್ಟ ಒಂಚೂರೂ ಇಳಿಯದಂತೆ) ತಿರುಗಿಸಿದೆ, ಗಂಟೆಗೆ 20-25 ಜಿಬಿ ಆಯ್ತು, ಒಂದು ಆಟಕ್ಕೇ ಇನ್ನೂರು ಜಿಬಿ ಹತ್ರ. 4 ಟಿಬಿ ಡಿಸ್ಕಿಗೆ ಆಗ ಒಂಬತ್ತು ಸಾವಿರ ಚಿಲ್ಲರೆ ಇತ್ತು, ಅವರಿಗೆ ಅದು ಹೊರೆ. ಕಡೆಗೆ ಎಚ್264ಗೆ ತಿರುಗಿಸಿದೆ, ಗುಣಮಟ್ಟದ ಅಂಕೆ ಸಿಆರ್‌ಎಫ್ 16ರ ಆಸುಪಾಸು (ಕಡಿಮೆ ಇದ್ದಷ್ಟು ಚಿತ್ರ ಚೆಂದ). ಬ್ಯಾಚ್ ರಾತ್ರಿ ಬಿಟ್ಟದ್ದು, ಆಟಿ ತಿಂಗಳ ಮಳೆ, ಕರೆಂಟು ಹೋಯ್ತು, ಅರ್ಧ ಬರೆದ ಎಂಪಿ4 ಒಂದೂ ತೆರೆಯಲಿಲ್ಲ, ಅದರ ಇಂಡೆಕ್ಸ್ ಬರೆಯುದು ಕೊನೆಗೆ. ಮತ್ತೆ ಎಂಕೆವಿ ಫೈಲಿಗೇ ಬರೆಸಿದೆ, ಕರೆಂಟು ಹೋದ್ರೂ ಅಲ್ಲಿವರೆಗಿನದ್ದು ಉಳೀತದೆ, ಬೆಳಿಗ್ಗೆ ರೀಎನ್‌ಕೋಡ್ ಇಲ್ಲದೆ ಎಂಪಿ4ಗೆ ಸುರಿದ್ರೆ ಆಯ್ತು.

ಕಷ್ಟ ಕೊಟ್ಟದ್ದು ಸೌಂಡು. ಎಂಪಿ3 ವೇರಿಯೇಬಲ್ ಬಿಟ್‌ರೇಟಲ್ಲಿದ್ದ ಎವಿಐಗಳು ಎಡಿಟರಲ್ಲಿ ಬರಬರ್ತಾ ಜಾರ್ತವೆ. ಒಡ್ಡೋಲಗದಲ್ಲಿ ವೇಷದ ಹೆಜ್ಜೆ ನೆಲಕ್ಕೆ ಬಿದ್ದಾಗಿದೆ, ಚೆಂಡೆಯ ಪೆಟ್ಟು ಆಮೇಲೆ ಕೇಳ್ತದೆ. ಅಭಿಮಾನಿಗಳಿಗೆ ಇದು ಮೊದಲ ನಿಮಿಷಕ್ಕೇ ಗೊತ್ತಾಗ್ತದೆ. ಸೌಂಡೆಲ್ಲ ಪಿಸಿಎಂ ವೇವ್ (ಕುಗ್ಗಿಸದ ಆಡಿಯೋ ಫೈಲು) ಮಾಡಿ ಹೊರಗಿಟ್ಟೆ, ಮತ್ತೆ ಜೋಡಿಸಿದ ರೀತಿ ಇಲ್ಲಿ ಬೇಡ, ಆದ್ರೆ ಬಡಗುತಿಟ್ಟಿನ ಚೆಂಡೆಗೂ ತೆಂಕುತಿಟ್ಟಿನ ಚೆಂಡೆಗೂ ಈಗ ಒಂದು ಫ್ರೇಮ್ ಆಚೀಚೆ ಇಲ್ಲ.

ನಾನು ತೆಗೊಂಡದ್ದು ಮೂರು ಸಾವಿರದ ಒಳಗೆ. ಏಳೆಂಟು ಫೈಲು ಇನ್ನೂ ಬಾಕಿ, ಅವು 2 ಜಿಬಿಗೆ ಬಂದು ಕಟ್ಟಾಗಿ ಇಂಡೆಕ್ಸೇ ಬರೆಯದೆ ಉಳಿದವು, ವರ್ಚುವಲ್‌ಡಬ್ ಅನ್ನುವ ಎಡಿಟರಲ್ಲಿ ಕೀ ಫ್ರೇಮ್ (ಪೂರ್ತಿ ಚಿತ್ರ ಇರುವ ಫ್ರೇಮ್) ಹುಡುಕಿ ಹುಡುಕಿ ಕಟ್ಟಬೇಕು. ಆ ಸಿಸ್ಟಮಿನ ಇಂಟರ್‌ನೆಟ್ ಕೇಬಲ್ ಎಳೆದಿಟ್ಟಿದ್ದೇನೆ, ವಿಂಡೋಸ್ 7 ಅಲ್ವಾ, ಸೆಕ್ಯುರಿಟಿ ಅಪ್‌ಡೇಟ್ ಬರುದು ನಿಂತಿದೆ. ಇನ್‌ಸ್ಟಾಲರೆಲ್ಲ ಒಂದು ಪೆನ್‌ಡ್ರೈವಲ್ಲಿ ಹಾಕಿ ಅವರಿಗೇ ಕೊಟ್ಟಿದ್ದೇನೆ.