ಕನ್ನಡಿಗೆ ಬೆನ್ನು ಹಾಕಿ ನಿಂತ ಹನ್ನೊಂದು ವರ್ಷ

ಎರಡು ಹೆರಿಗೆ, ಎರಡೂ ಸಿಸೇರಿಯನ್. ಹೊಟ್ಟೆಯ ಚರ್ಮ ಸಡಿಲವಾಗಿ ಹೊಲಿಗೆಯ ಗೆರೆಯ ಮೇಲೆ ಜೋತುಬಿದ್ದಿತು. ಅಲ್ಲಿಂದ ಹನ್ನೊಂದು ವರ್ಷ ನಾನು ಬಟ್ಟೆ ಬದಲಿಸಿದ್ದು ಕನ್ನಡಿಗೆ ಬೆನ್ನು ಹಾಕಿಕೊಂಡೇ. ಗಂಡನ ಎದುರಿಗೂ ದೀಪ ಆರಿಸಿದ ಮೇಲೆಯೇ.

ನ್ಯಾಚುರಿಸಂ, ಅಂದರೆ ಬಟ್ಟೆಯಿಲ್ಲದೆ ಸಹಜವಾಗಿ ಇರುವ, ಇತರರೊಡನೆ ಬೆರೆಯುವ ಜೀವನಕ್ರಮ. ಅದರ ಬಗ್ಗೆ ಓದಿದ ಮೇಲೆ ಮೊದಲು ಮನೆಯಲ್ಲೇ ಶುರುಮಾಡಿದೆ. ಸ್ನಾನವಾದ ಮೇಲೆ ಹತ್ತು ನಿಮಿಷ ಬಟ್ಟೆ ಹಾಕಿಕೊಳ್ಳದೆ ಇರುವುದು, ಅಷ್ಟೇ. ತಲೆ ಬಾಚುವುದು, ಕಾಲಿಗೆ ಎಣ್ಣೆ ಹಚ್ಚುವುದು. ಮೊದಲ ವಾರವಂತೂ ಎರಡೇ ನಿಮಿಷಕ್ಕೆ ಕೈ ಟವೆಲ್ ಹುಡುಕುತ್ತಿತ್ತು.

ಎಂಟು ತಿಂಗಳ ನಂತರ ನಾನೂ ಗಂಡನೂ ಒಂದು ನ್ಯಾಚುರಿಸ್ಟ್ ಶಿಬಿರಕ್ಕೆ ಹೋದೆವು. ಅಂತರರಾಷ್ಟ್ರೀಯ ನ್ಯಾಚುರಿಸ್ಟ್ ಒಕ್ಕೂಟ 1974ರಲ್ಲಿ ಕೊಟ್ಟ ವ್ಯಾಖ್ಯೆಯಲ್ಲಿ ಆತ್ಮಗೌರವ, ಪರರ ಬಗ್ಗೆ ಗೌರವ, ಪರಿಸರದ ಬಗ್ಗೆ ಗೌರವ ಎಂದಿದೆ. ಆ ಮಾತೇ ನನಗೆ ಧೈರ್ಯ ಕೊಟ್ಟಿತ್ತು. ಶಿಬಿರದಲ್ಲಿ ಎಲ್ಲಿ ಕೂತರೂ ನಮ್ಮದೇ ಟವೆಲ್ ಹಾಸಿಕೊಳ್ಳಬೇಕು, ಫೋಟೊ ತೆಗೆಯುವಂತಿಲ್ಲ, ಯಾರನ್ನೂ ದಿಟ್ಟಿಸುವಂತಿಲ್ಲ. ಈ ಕಟ್ಟುನಿಟ್ಟು ಇಲ್ಲದ ಕಡೆ ನಾನು ಕಾಲಿಡುತ್ತಿರಲಿಲ್ಲ.

ಕೊಳದ ದಂಡೆಯಲ್ಲಿ ಎಪ್ಪತ್ತು ದಾಟಿದ ಒಬ್ಬರು ಕೂತಿದ್ದರು. ಎಡ ಎದೆ ಇರಲಿಲ್ಲ. ಗಾಯದ ಗೆರೆ ಬೆಳ್ಳಗೆ, ಕಂಕುಳವರೆಗೂ. ಅವರು ಟವೆಲ್ಲಿನ ತುದಿಯಿಂದ ಕನ್ನಡಕ ಒರೆಸಿಕೊಂಡು, ಬೆಳಕಿಗೆ ಹಿಡಿದು ನೋಡಿ, ಮತ್ತೆ ಒರೆಸಿದರು. ಆಚೆ ಮೊಣಕಾಲಿನ ಆಪರೇಷನ್ ಆದವರು, ತೊಡೆ ತುಂಬ ಬಿರುಕುಗೆರೆಗಳಿದ್ದ ಹುಡುಗಿ, ದೊಡ್ಡ ಹೊಟ್ಟೆಯವರು, ಸಣಕಲು ಮೈಯವರು. ಆಗ ಹೊಳೆಯಿತು: ಅಲ್ಲಿಯವರೆಗೆ ನಾನು ಸಾಧಾರಣ ಮೈ ಎಂದು ನೋಡಿದ್ದು ನನ್ನದೊಂದನ್ನೇ. ಹೋಲಿಸಿಕೊಂಡದ್ದೆಲ್ಲ ಜಾಹೀರಾತಿನ ಮೈಗಳ ಜೊತೆ.

ಲಂಡನ್ನಿನ ಗೋಲ್ಡ್‌ಸ್ಮಿತ್ಸ್ ಕಾಲೇಜಿನ ಮನೋವಿಜ್ಞಾನಿ ಕಿಯಾನ್ ವೆಸ್ಟ್ 2020ರಲ್ಲಿ ಪ್ರಕಟಿಸಿದ ಪ್ರಯೋಗವೊಂದರಲ್ಲಿ, ಬಟ್ಟೆ ತೊಟ್ಟು ಬೆರೆತವರಿಗಿಂತ ಬೆತ್ತಲಾಗಿ ಬೆರೆತವರಿಗೆ ತಮ್ಮ ಮೈ ಬಗ್ಗೆ ಮೆಚ್ಚುಗೆ ಹೆಚ್ಚಿತ್ತು. ಪರರು ನನ್ನ ಮೈಯನ್ನು ಅಳೆಯುತ್ತಿದ್ದಾರೆ ಎಂಬ ಅಳುಕು ಇಳಿದದ್ದೇ ಅದಕ್ಕೆ ಕಾರಣ ಎನ್ನುತ್ತಾರೆ ಅವರು. ನನಗೂ ಮೊದಲು ಇಳಿದದ್ದು ಅದೇ. ಮಧ್ಯಾಹ್ನದ ಹೊತ್ತಿಗೆ ಹೊಟ್ಟೆ ಒಳಗೆಳೆದು ಹಿಡಿಯುವುದನ್ನೇ ಮರೆತಿದ್ದೆ.

ಗಂಡನೋ ಗೆಳತಿಯೋ ಒತ್ತಾಯಿಸಿದರೆಂದು ಯಾರೂ ಹೋಗಬಾರದು. ನನ್ನ ಗಂಡ ಒಮ್ಮೆಯೂ "ಹೋಗೋಣ" ಎನ್ನಲಿಲ್ಲ. ನಾನೇ ಹೇಳುವವರೆಗೆ ಕಾದರು.

ಆ ರಾತ್ರಿ ಕಾಲಿಗೆ ಎಣ್ಣೆ ಹಚ್ಚಿದ ಕೈಯಲ್ಲೇ ಹೊಲಿಗೆಯ ಗೆರೆಯನ್ನೂ ಸವರಿದೆ. ಅದರ ಮೇಲ್ಗಡೆ ಎರಡು ಬೆರಳಿನಷ್ಟು ಜಾಗದಲ್ಲಿ ಇನ್ನೂ ಸ್ಪರ್ಶವೇ ತಿಳಿಯುವುದಿಲ್ಲ. ಹನ್ನೊಂದು ವರ್ಷ ಅದು ನನಗೆ ಗೊತ್ತೇ ಇರಲಿಲ್ಲ.