ಮೂರು ದೇಶಗಳ ಗಡಿಬೆಟ್ಟಗಳಲ್ಲಿ ಗೈಡ್ ಜೊತೆ ನಡೆದದ್ದು: ನನ್ನ ಅನುಭವ

ಅಲ್ಬೇನಿಯ, ಕೊಸೊವೊ ಮತ್ತು ಮಾಂಟೆನೆಗ್ರೊ ದೇಶಗಳು ಸಂಧಿಸುವ ಪರ್ವತಶ್ರೇಣಿಯಲ್ಲಿ ‘ಪೀಕ್ಸ್ ಆಫ್ ದ ಬಾಲ್ಕನ್ಸ್’ ಎಂಬ ಚಾರಣಮಾರ್ಗವಿದೆ. ಸುಮಾರು 192 ಕಿಲೋಮೀಟರ್ ಉದ್ದದ ಈ ದಾರಿ ಮೂರೂ ದೇಶಗಳ ಹಳ್ಳಿಗಳನ್ನು ಹಾದು, ಹೊರಟಲ್ಲಿಗೇ ಬಂದು ಸೇರುತ್ತದೆ. ಸಾಮಾನ್ಯವಾಗಿ ಇದನ್ನು ಹತ್ತು ಹಂತಗಳಾಗಿ ವಿಂಗಡಿಸಿಕೊಂಡು ನಡೆಯುತ್ತಾರೆ. ಬಂಡೆಗಳ ಮೇಲೂ ಮರಗಳ ಮೇಲೂ ಕೆಂಪು-ಬಿಳಿ ಗುರುತುಗಳಿವೆ. ಫೋನಿನಲ್ಲಿ ನಕ್ಷೆಯೂ ಸಿಗುತ್ತದೆ. ದಾರಿ ತೋರಿಸುವುದಕ್ಕಷ್ಟೇ ಆಗಿದ್ದರೆ ಇಲ್ಲಿ ಗೈಡ್ ಬೇಕಿಲ್ಲ. ಆದರೂ ನಾನು ಸ್ಥಳೀಯ ಗೈಡ್ ಒಬ್ಬರ ಜೊತೆ, ಸಣ್ಣ ಗುಂಪಿನಲ್ಲಿ ಹೋದೆ. ಮತ್ತೆ ಹೋಗುವುದಾದರೂ ಹಾಗೆಯೇ ಹೋಗುತ್ತೇನೆ. ಗಡಿಯ ಕಾಗದಪತ್ರ, ನೀರು, ಹವಾಮಾನ, ಕುರಿಹಿಂಡಿನ ನಾಯಿಗಳು, ರಾತ್ರಿ ಉಳಿಯುವ ಮನೆಯವರೊಡನೆ ಮಾತುಕತೆ, ಇವುಗಳಲ್ಲಿ ಗೈಡ್‌ ಎಷ್ಟರಮಟ್ಟಿಗೆ ಬೇಕಾಗುತ್ತಾರೆ ಎಂಬುದು ನಡೆದ ಮೇಲೆಯೇ ನನಗೆ ಸರಿಯಾಗಿ ತಿಳಿಯಿತು.

ಮೊದಲು ಗಡಿಯ ವಿಷಯ. ಈ ದಾರಿ ದೇಶದಿಂದ ದೇಶಕ್ಕೆ ದಾಟುವ ಜಾಗಗಳಲ್ಲಿ ಚೆಕ್‌ಪೋಸ್ಟ್ ಇಲ್ಲ, ಅಧಿಕಾರಿಗಳಿಲ್ಲ, ಪಾಸ್‌ಪೋರ್ಟಿಗೆ ಮುದ್ರೆ ಒತ್ತುವವರೂ ಇಲ್ಲ. ಹುಲ್ಲುಗಾವಲಿನ ನಡುವೆ ಅಂಕಿ ಬರೆದ ಗಡಿಕಲ್ಲೊಂದು ಕಂಡರೆ ಅದೇ ಗಡಿ. ಹೀಗಾಗಿ ಯಾವ ದಿನ ಎಲ್ಲಿ ದಾಟುತ್ತೇವೆ, ಯಾರು ಯಾರು ದಾಟುತ್ತೇವೆ ಎಂಬ ವಿವರವನ್ನು ಗಡಿ ಪೊಲೀಸರಿಗೆ ಮುಂಚಿತವಾಗಿ ತಿಳಿಸಿ ಅನುಮತಿ ಪಡೆಯಬೇಕು. ನಮ್ಮ ಗುಂಪಿನ ಅರ್ಜಿಗಳನ್ನು ಗೈಡ್ ಹಲವು ವಾರಗಳ ಮೊದಲೇ ಹಾಕಿದ್ದರು. ದಿನಾಂಕ ನಿಗದಿಯಾದ ಮೇಲೆ ಮನಸ್ಸು ಬಂದಂತೆ ಹಂತಗಳನ್ನು ಹಿಂದೆಮುಂದೆ ಮಾಡಲು ಅವರು ಒಪ್ಪಲಿಲ್ಲ. ಅದು ಸರಿಯೇ. ಅನುಮತಿಪತ್ರದ ಎರಡು ಪ್ರತಿಗಳನ್ನು ನಾನು ಬೇರೆ ಬೇರೆ ಚೀಲಗಳಲ್ಲಿ, ನೀರು ತಾಗದಂತೆ ಇಟ್ಟುಕೊಂಡಿದ್ದೆ. ಭಾರತದ ಪಾಸ್‌ಪೋರ್ಟ್ ಇರುವವರು ಮೂರೂ ದೇಶಗಳ ವೀಸಾ ನಿಯಮಗಳನ್ನು ಪ್ರತ್ಯೇಕವಾಗಿ ವಿಚಾರಿಸಿಕೊಳ್ಳಬೇಕು, ಏಕೆಂದರೆ ಈ ಮೂರರಲ್ಲಿ ಯಾವುದೂ ಒಂದೇ ವೀಸಾದಲ್ಲಿ ಓಡಾಡಬಹುದಾದ ಯುರೋಪಿನ ಷೆಂಗನ್ ಒಕ್ಕೂಟದ ಸದಸ್ಯದೇಶವಲ್ಲ. ಕೊಸೊವೊವನ್ನು ಭಾರತ ಸ್ವತಂತ್ರ ದೇಶವೆಂದು ಮಾನ್ಯ ಮಾಡಿಲ್ಲವಾದ್ದರಿಂದ ಅಲ್ಲಿ ನಮ್ಮ ರಾಯಭಾರ ಕಚೇರಿಯೂ ಇಲ್ಲ. ವಿಮೆ ಮಾಡಿಸುವಾಗಲೂ ಮೂರು ದೇಶಗಳ ಹೆಸರು ಪಾಲಿಸಿಯಲ್ಲಿ ಇವೆಯೇ, ಪರ್ವತದಲ್ಲಿ ರಕ್ಷಣಾ ಕಾರ್ಯದ ಖರ್ಚು ಅದರಲ್ಲಿ ಸೇರಿದೆಯೇ ಎಂದು ಓದಿ ನೋಡಿಯೇ ಹಣ ಕಟ್ಟಿದೆ.

ನಾವು ನಡಿಗೆ ಆರಂಭಿಸಿದ್ದು ಅಲ್ಬೇನಿಯದ ಥೆತ್ ಹಳ್ಳಿಯಿಂದ. ಶ್ಕೋದರ್ ಪಟ್ಟಣದಿಂದ ಅಲ್ಲಿಗೆ ಈಗ ಡಾಂಬರು ರಸ್ತೆಯಿದೆ. ರಸ್ತೆ ಬಂದ ಮೇಲೆ ಥೆತ್‌ನಲ್ಲಿ ಜನಸಂದಣಿ ಹೆಚ್ಚಿದೆ ಎಂದು ಹಲವರು ಬೇಸರಪಡುತ್ತಾರೆ. ಚಳಿಗಾಲದಲ್ಲಿ ಹಿಮ ಬಿದ್ದು ಹೊರಜಗತ್ತಿನ ಸಂಪರ್ಕವೇ ಕಡಿದುಹೋಗುತ್ತಿದ್ದ, ಆ ಕಾರಣಕ್ಕೇ ಹೆಚ್ಚಿನ ಕುಟುಂಬಗಳು ತಗ್ಗಿನ ಊರುಗಳಿಗೆ ಇಳಿದುಹೋಗುತ್ತಿದ್ದ ಹಳ್ಳಿಗೆ ರಸ್ತೆ ಬಂದುದನ್ನು ಅತಿಥಿಯಾದ ನಾನು ದೂರಲಾರೆ. ಇಲ್ಲಿ ಕಲ್ಲಿನ ಗೋಡೆಗಳ, ಸಣ್ಣ ಕಿಂಡಿಗಳ ಗೋಪುರವೊಂದು ಉಳಿದಿದೆ. ಕುಲವೈರದಲ್ಲಿ ಸಿಲುಕಿದ ಗಂಡಸರು, ಹಿರಿಯರ ಮಧ್ಯಸ್ಥಿಕೆಯಲ್ಲಿ ಪ್ರಕರಣ ಬಗೆಹರಿಯುವವರೆಗೆ ಅದರೊಳಗೆ ಇರುತ್ತಿದ್ದರು. ಹದಿನೈದನೇ ಶತಮಾನದ ಅಲ್ಬೇನಿಯನ್ ಪಾಳೆಯಗಾರ ಲೆಕ್ ದುಕಾಜಿನಿಯ ಹೆಸರಿನಲ್ಲಿ ಬಂದಿರುವ, ಬಾಯಿಂದ ಬಾಯಿಗೆ ಸಾಗಿದ ‘ಕಾನೂನ್’ ಎಂಬ ಕಟ್ಟಳೆ ಈ ಬೆಟ್ಟಗಳ ಬದುಕನ್ನು ಶತಮಾನಗಳ ಕಾಲ ನಡೆಸಿತು. ಕೊಲೆಗೆ ಕೊಲೆ ಎಂಬ ಕ್ರೂರ ಲೆಕ್ಕಾಚಾರವೂ, ಮನೆಗೆ ಬಂದ ಅತಿಥಿಯನ್ನು ಪ್ರಾಣ ಕೊಟ್ಟಾದರೂ ಕಾಯಬೇಕೆಂಬ ಕರ್ತವ್ಯವೂ ಅದೇ ಕಟ್ಟಳೆಯಲ್ಲಿದ್ದವು.

ಥೆತ್‌ನಿಂದ ವಲ್ಬೊನಕ್ಕೆ ದಾಟುವ ಹಂತ ಇಡೀ ಮಾರ್ಗದಲ್ಲೇ ಅತ್ಯಂತ ಹೆಸರಾದದ್ದು. ಬೀಚ್ ಮರಗಳ ಕಾಡಿನ ಮೂಲಕ ಸುಮಾರು ಸಾವಿರ ಮೀಟರ್ ಏರಿ, 1,800 ಮೀಟರ್ ಆಸುಪಾಸಿನ ಎತ್ತರದ ಪಾಸ್ (ಎರಡು ಬೆಟ್ಟಗಳ ನಡುವಿನ ದಾಟುದಾರಿ) ದಾಟಿ, ಅಷ್ಟೇ ಇಳಿಯಬೇಕು. ಇಲ್ಲಿನ ಬೆಟ್ಟಗಳು ಬಹುಪಾಲು ಸುಣ್ಣಕಲ್ಲಿನವು. ಮಳೆಯಾಗಲಿ, ಕರಗಿದ ಹಿಮವಾಗಲಿ ಮೇಲೆ ಹರಿಯದೆ ಬಂಡೆಯ ಬಿರುಕುಗಳಲ್ಲಿ ಇಳಿದು, ಕಣಿವೆಯ ತಳದಲ್ಲಿ ಊಟೆಯಾಗಿ ಹೊರಬರುತ್ತದೆ. ಕಣ್ಣೆದುರು ಹಿಮದ ಗುಡ್ಡೆಗಳು ಹೊಳೆಯುತ್ತಿದ್ದರೂ ಗಂಟೆಗಟ್ಟಲೆ ನಡೆದರೂ ಕುಡಿಯುವ ನೀರು ಸಿಗದಿರುವುದು ಈ ಕಾರಣಕ್ಕೆ. ವಲ್ಬೊನ ಕಣಿವೆಯ ಮೇಲ್ಭಾಗದಲ್ಲಿ ಬೇಸಿಗೆಯಲ್ಲಿ ನದಿಯ ಪಾತ್ರವೇ ಒಣಗಿ, ಬಿಳಿ ಉರುಟುಕಲ್ಲುಗಳ ಹಾಸಾಗಿ ಬಿದ್ದಿರುತ್ತದೆ. ಯಾವ ಊಟೆ ಜುಲೈವರೆಗೆ ಮಾತ್ರ, ಯಾವುದು ಸೆಪ್ಟೆಂಬರಿನಲ್ಲೂ ಹರಿಯುತ್ತದೆ ಎಂಬುದು ಗೈಡ್‌ಗೆ ಗೊತ್ತಿತ್ತು. ಬೆಳಿಗ್ಗೆ ಹೊರಡುವಾಗಲೇ ‘ಇವತ್ತು ಎರಡು ಲೀಟರ್’, ‘ಇವತ್ತು ಮೂರು ಲೀಟರ್’ ಎಂದು ಹೇಳಿ, ಬಾಟಲಿಗಳನ್ನು ತಾವೇ ಪರಿಶೀಲಿಸುತ್ತಿದ್ದರು. ಈ ಹಂತದಲ್ಲಿ ದೊಡ್ಡ ಚೀಲಗಳನ್ನು ಕುದುರೆಯ ಮೇಲೆ ಕಳುಹಿಸುವ ಏರ್ಪಾಡು ಸಿಗುತ್ತದೆ. ಮುಂದಿನ ಹಂತಗಳಲ್ಲಿ ಎಲ್ಲ ಕಡೆ ಅದು ಸಿಗುವುದಿಲ್ಲ. ಹಾಗಾಗಿ ಮೊದಲ ದಿನದಿಂದಲೇ ನನ್ನ ಚೀಲವನ್ನು ನಾನೇ ಹೊತ್ತೆ.

ಬೇಸಿಗೆಯ ಮಧ್ಯಾಹ್ನಗಳಲ್ಲಿ ಈ ಬೆಟ್ಟಗಳ ಮೇಲೆ ಗುಡುಗು-ಸಿಡಿಲಿನ ಮಳೆ ಏಕಾಏಕಿ ಬರುತ್ತದೆ. ಎತ್ತರದ ಬಯಲು ಏಣುಗಳನ್ನು (ಬೆಟ್ಟದ ನೆತ್ತಿಯ ಸಾಲುಗಳನ್ನು) ಮಧ್ಯಾಹ್ನಕ್ಕೆ ಮೊದಲೇ ದಾಟಿಬಿಡಬೇಕೆಂಬುದು ನಮ್ಮ ಗೈಡ್‌ನ ನಿಯಮವಾಗಿತ್ತು. ಒಂದು ದಿನ ಗಡಿ ಏಣಿನ ಕಡೆಗೆ ಏರುತ್ತಿದ್ದಾಗ ಪಶ್ಚಿಮದಲ್ಲಿ ಮೋಡ ಕಟ್ಟುವುದನ್ನು ಕಂಡು, ಮೇಲೆ ಇನ್ನೂ ಬಿಸಿಲಿದ್ದರೂ, ಅವರು ನಮ್ಮನ್ನು ಕೆಳಗಿನ ಕುರಿಗಾಹಿಯ ಗುಡಿಸಲಿಗೆ ಕರೆದೊಯ್ದರು. ಅಲ್ಲಿ ಬೆಂಕಿಯ ಬಳಿ ಕುಳಿತು, ಬೆಟ್ಟದ ಗಿಡದಿಂದ ಕುದಿಸಿದ ಚಹಾ ಕುಡಿಯುತ್ತಿರುವಾಗ ಆಲಿಕಲ್ಲು ಸುರಿಯಿತು. ಎರಡು ಗಂಟೆ ತಡವಾಗಿ ಊರು ಸೇರಿದೆವು, ಯಾರಿಗೂ ಏನೂ ಆಗಲಿಲ್ಲ. ಹಾಗೆ ನಿಂತು ಕಾಯಲು ಒಪ್ಪದ ಗುಂಪಿನ ಜೊತೆ ನಾನು ಬೆಟ್ಟಕ್ಕೆ ಹೋಗಲಾರೆ.

ವಲ್ಬೊನದಿಂದ ಚೆರೆಮ್, ಅಲ್ಲಿಂದ ದೊಬೆರ್ದೋಲ್. ಈ ದೊಬೆರ್ದೋಲ್ ಇಡೀ ಮಾರ್ಗದಲ್ಲಿ ನನಗೆ ಅತ್ಯಂತ ಪ್ರಿಯವಾದ ಜಾಗ. ಸುಮಾರು 1,800 ಮೀಟರ್ ಎತ್ತರದ, ಮೂರು ದೇಶಗಳ ಗಡಿಗೆ ತಾಗಿಕೊಂಡಿರುವ ಹುಲ್ಲುಗಾವಲಿನ ನೆಲೆ ಇದು. ಹಿಮ ಕರಗಿದ ಮೇಲೆ ಕುಟುಂಬಗಳು ಕುರಿ, ಹಸುಗಳೊಡನೆ ಕೆಳಗಿನ ಊರುಗಳಿಂದ ಏರಿ ಬರುತ್ತವೆ. ಚಳಿ ಬಂದಾಗ ಇಳಿಯುತ್ತವೆ. ಉಳಿದ ತಿಂಗಳುಗಳಲ್ಲಿ ಇಲ್ಲಿ ಯಾರೂ ಇರುವುದಿಲ್ಲ. ಮನೆಗಳ ಗೋಡೆ ಕಲ್ಲು-ಮರದ್ದು, ಬೆಳಕು ಸೌರಫಲಕದ್ದು, ಫೋನಿಗೆ ಸಿಗ್ನಲ್ ಇಲ್ಲ. ನಮಗೆ ಹಾಸಿಗೆ ಕೊಟ್ಟ ಮನೆಯಲ್ಲಿ ಸಂಜೆ ಹಾಲು ಕರೆದು, ಚೀಸ್ ಮಾಡಿ, ಮೆಕ್ಕೆಜೋಳದ ರೊಟ್ಟಿ ಸುಟ್ಟು, ಬಂದವರಿಗೆ ಊಟ ಬಡಿಸಿ ಮುಗಿಸುವವರೆಗೆ ಮನೆಯೊಡತಿ ಕುಳಿತದ್ದನ್ನು ನಾನು ನೋಡಲಿಲ್ಲ. ನಾವು ಕೊಡುವ ಹಣ ಆ ಕುಟುಂಬಕ್ಕೆ ನೇರವಾಗಿ ಸೇರುತ್ತದೆ ಎಂಬುದೇ ಇಂಥ ಮನೆಗಳಲ್ಲಿ ಉಳಿಯಲು ದೊಡ್ಡ ಕಾರಣ.

ಮನೆಯೊಳಗಿನ ರೀತಿನೀತಿಗಳನ್ನು ಗೈಡ್ ಮೊದಲೇ ಹೇಳಿಕೊಟ್ಟಿದ್ದರು. ಬೂಟುಗಳನ್ನು ಹೊಸ್ತಿಲ ಹೊರಗೇ ಬಿಡಬೇಕು. ಎದೆಯ ಮೇಲೆ ಬಲಗೈ ಇಟ್ಟು ವಂದಿಸಿದರೆ ಮನೆಯವರ ಮುಖ ಅರಳುತ್ತದೆ. ಬಂದೊಡನೆ ಕಾಫಿಯ ಜೊತೆ ‘ರಾಕಿ’ ಎಂಬ ಹಣ್ಣಿನ ಮದ್ಯವನ್ನು ಸಣ್ಣ ಲೋಟದಲ್ಲಿ ಕೊಡುತ್ತಾರೆ. ಕುಡಿಯದವರು ಕೈಯನ್ನು ಎದೆಗೆ ಇಟ್ಟು ನಿರಾಕರಿಸಿದರೆ ಯಾರೂ ಒತ್ತಾಯಿಸುವುದಿಲ್ಲ. ಮಾಂಸ ತಿನ್ನದವರಿಗೆ ಈ ಬೆಟ್ಟಗಳಲ್ಲಿ ಊಟದ ತೊಂದರೆಯಿಲ್ಲ. ಮೊಸರು, ಚೀಸ್, ಉಪ್ಪಿನಲ್ಲಿ ಹಾಕಿದ ತರಕಾರಿ, ಹುರಿದ ದೊಣ್ಣೆಮೆಣಸು, ಬೀನ್ಸ್ ಸಾರು, ಪದರ ಪದರವಾದ ಹಿಟ್ಟಿನ ತಿನಿಸು ‘ಬ್ಯುರೆಕ್’ ಇವೆಲ್ಲ ಸಿಗುತ್ತವೆ. ಆದರೆ ಹಾಗೆಂದು ಗೈಡ್ ಹಿಂದಿನ ದಿನವೇ ಹೇಳಿ ಕಳಿಸಿರಬೇಕು. ಕೊಸೊವೊದ ರುಗೋವಾ ಕಣಿವೆಯ ಮನೆಯೊಂದರಲ್ಲಿ ‘ಫ್ಲಿಯಾ’ ಎಂಬ ತಿನಿಸು ಮಾಡುವುದನ್ನು ಆರಂಭದಿಂದ ಕೊನೆಯವರೆಗೆ ನೋಡಿದೆ. ತೆಳ್ಳಗಿನ ಹಿಟ್ಟನ್ನು ದುಂಡನೆಯ ತಟ್ಟೆಯಲ್ಲಿ ಸೂರ್ಯನ ಕಿರಣಗಳ ಆಕಾರದಲ್ಲಿ ಎರೆದು, ಕೆಂಡದಲ್ಲಿ ಕಾಯಿಸಿದ ಲೋಹದ ಮುಚ್ಚಳವನ್ನು ಮೇಲೆ ಇಟ್ಟು ಬೇಯಿಸಿ, ಕೆನೆ ಸವರಿ, ಮತ್ತೊಂದು ಪದರ ಎರೆಯುತ್ತಾರೆ. ಇದು ಗಂಟೆಗಳ ಕೆಲಸ. ತಿನ್ನುವಾಗ ಒಂದು ತುಂಡನ್ನೂ ತಟ್ಟೆಯಲ್ಲಿ ಬಿಡಲು ಮನಸ್ಸಾಗಲಿಲ್ಲ.

ಹಿಂಡು ಕಾಯುವ ನಾಯಿಗಳ ಬಗ್ಗೆ ಒಂದು ಮಾತು ಹೇಳಲೇಬೇಕು. ತೋಳ, ಕರಡಿಗಳಿರುವ ಈ ಪ್ರದೇಶದಲ್ಲಿ ದೊಡ್ಡ ಗಾತ್ರದ ನಾಯಿಗಳನ್ನು ಹಿಂಡಿನ ಜೊತೆ ಬಿಟ್ಟಿರುತ್ತಾರೆ. ಅವು ಅಪರಿಚಿತರನ್ನು ಕಂಡು ಓಡಿ ಬರುತ್ತವೆ. ಹಿಂಡಿನ ನಡುವೆ ನುಗ್ಗದೆ ದೂರದಿಂದ ಸುತ್ತಿ ಹೋಗುವುದು, ಓಡದಿರುವುದು, ಗುಂಪಾಗಿ ನಿಧಾನವಾಗಿ ಸರಿಯುವುದು ನಾವು ಅನುಸರಿಸಿದ ಕ್ರಮ. ಗೈಡ್ ದೂರದಿಂದಲೇ ಕುರಿಗಾಹಿಯನ್ನು ಕೂಗಿ ಮಾತಾಡಿಸುತ್ತಿದ್ದರು. ಕುರಿಗಾಹಿ ಒಂದು ಶಿಳ್ಳೆ ಹೊಡೆದರೆ ನಾಯಿಗಳು ಹಿಂದಿರುಗುತ್ತಿದ್ದವು. ಭಾಷೆ ಬಲ್ಲವರು ಜೊತೆಗಿರುವುದರ ಬೆಲೆ ಆಗ ತಿಳಿಯುತ್ತದೆ.

ದೊಬೆರ್ದೋಲ್‌ನಿಂದ ಮೂರು ಗಡಿ ಕೂಡುವ 2,366 ಮೀಟರ್ ಎತ್ತರದ ಶಿಖರಕ್ಕೆ ಹೋಗಿ ಕೊಸೊವೊದೊಳಗೆ ಇಳಿಯಬಹುದು. ಗುರುತು ಹಾಕಿದ ದಾರಿಯನ್ನು ಬಿಟ್ಟು ಒಂದು ಹೆಜ್ಜೆಯೂ ಆಚೆ ಇಡಬಾರದೆಂದು ಗೈಡ್ ಇಲ್ಲಿ ಖಡಾಖಂಡಿತವಾಗಿ ಹೇಳಿದರು. ಸರ್ಬಿಯದ ಆಡಳಿತದ ವಿರುದ್ಧ ಕೊಸೊವೊದಲ್ಲಿ ನಡೆದ 1998–99ರ ಯುದ್ಧಕಾಲದಲ್ಲಿ ಅಲ್ಬೇನಿಯ-ಕೊಸೊವೊ ಗಡಿಯುದ್ದಕ್ಕೂ ನೆಲಬಾಂಬುಗಳನ್ನು ಹೂಳಲಾಗಿತ್ತು. ಅವುಗಳನ್ನು ತೆರವು ಮಾಡಿದ ಮೇಲೆ 2009ರಲ್ಲಿ ಅಲ್ಬೇನಿಯ ತನ್ನ ನೆಲವನ್ನು ಬಾಂಬುಮುಕ್ತವೆಂದು ಘೋಷಿಸಿತು. ಆದರೂ ಆ ಎಚ್ಚರವನ್ನು ಸ್ಥಳೀಯರು ಬಿಟ್ಟಿಲ್ಲ. ಕೊಸೊವೊ ಕಡೆಯ ಹಳ್ಳಿಯೊಂದರ ಹಿರಿಯರು, ತಮ್ಮ ಹಳೆಯ ಮನೆ ಆ ಯುದ್ಧದಲ್ಲಿ ಸುಟ್ಟುಹೋಯಿತೆಂದೂ, ಈಗಿನದು ಹೊರದೇಶದಲ್ಲಿ ದುಡಿಯುವ ಮಕ್ಕಳು ಕಳಿಸಿದ ಹಣದಿಂದ ಕಟ್ಟಿದ್ದೆಂದೂ ಗೈಡ್ ಮೂಲಕ ನಮಗೆ ಹೇಳಿದರು. ಅದಕ್ಕಿಂತ ಹೆಚ್ಚು ಕೇಳಬೇಡಿ ಎಂದು ಗೈಡ್ ಕಣ್ಣಿನಲ್ಲೇ ಸೂಚಿಸಿದರು; ನಾವು ಕೇಳಲಿಲ್ಲ.

ಕೊಸೊವೊದಿಂದ ಮಾಂಟೆನೆಗ್ರೊಕ್ಕೆ ದಾಟಿದ ಮೇಲೆ ನೆಲದ ಸ್ವಭಾವವೇ ಬದಲಾಗುತ್ತದೆ. ಬಾಬಿನೊ ಪೋಲ್ಯೆ ಸುತ್ತಲಿನ ಬೆಟ್ಟಗಳಲ್ಲಿ ಸುಣ್ಣಕಲ್ಲಿನ ಜೊತೆಗೆ ಬೇರೆ ಶಿಲೆಗಳೂ ಇರುವುದರಿಂದ ನೀರು ಮೇಲೆಯೇ ನಿಲ್ಲುತ್ತದೆ. ತೊರೆಗಳು ಸಿಗುತ್ತವೆ, 1,970 ಮೀಟರ್ ಎತ್ತರದಲ್ಲಿ ಹ್ರಿದ್ ಎಂಬ ಹಿಮನದಿ ಕೊರೆದ ಸರೋವರವಿದೆ. ಇಳಿಜಾರುಗಳ ತುಂಬ ಬ್ಲೂಬೆರಿ ಪೊದೆಗಳು. ಆಗಸ್ಟ್‌ನಲ್ಲಿ ಇಡೀ ಕುಟುಂಬಗಳು ಬಾಚಣಿಗೆಯಂಥ ಹಲ್ಲುಗಳಿರುವ ಡಬ್ಬಿಗಳನ್ನು ಹಿಡಿದು ಹಣ್ಣು ಬಾಚುತ್ತಿರುತ್ತವೆ. ಪ್ಲಾವ್ ಪಟ್ಟಣಕ್ಕೆ ಇಳಿದಾಗ ಭಾಷೆಯೂ ಬದಲಾಗುತ್ತದೆ. ಅಲ್ಲಿಯವರೆಗೆ ಅಲ್ಬೇನಿಯನ್ ಭಾಷೆಯೇ ಕಿವಿಗೆ ಬೀಳುತ್ತಿತ್ತು, ಪ್ಲಾವ್‌ನಲ್ಲಿ ಬೋಸ್ನಿಯಾಕರ (ಬಹುಪಾಲು ಮುಸ್ಲಿಮರಾದ ಸ್ಲಾವ್ ಜನರ) ಸ್ಲಾವ್ ಮಾತು, ಮರುದಿನ ವುಸಾನ್ಯೆ ಹಳ್ಳಿಯಲ್ಲಿ ಮತ್ತೆ ಅಲ್ಬೇನಿಯನ್. 1912–13ರ ಬಾಲ್ಕನ್ ಯುದ್ಧಗಳ ಸಮಯದಲ್ಲಿ ಎಳೆದ ಗೆರೆಗಳು ಒಂದೇ ಭಾಷೆಯವರನ್ನು, ಎಷ್ಟೋ ಕಡೆ ಒಂದೇ ಬಳಗದವರನ್ನು ಬೇರೆ ಬೇರೆ ದೇಶಗಳಿಗೆ ಹಂಚಿಬಿಟ್ಟವು. ನಮ್ಮ ಗೈಡ್‌ನ ತಾಯಿಯ ಕಡೆಯ ನೆಂಟರು ಗಡಿಯಾಚೆಯ ಊರಿನಲ್ಲಿದ್ದರು. ಕಮ್ಯುನಿಸ್ಟ್ ಆಡಳಿತ ಕುಸಿದ 1991ರವರೆಗೆ ಎರಡೂ ಕಡೆಯವರು ಒಬ್ಬರನ್ನೊಬ್ಬರು ನೋಡಿಯೇ ಇರಲಿಲ್ಲವಂತೆ.

ಗೈಡ್‌ರನ್ನು ಗೊತ್ತುಮಾಡುವವರಿಗೆ ನನ್ನ ಸಲಹೆ ಸ್ಪಷ್ಟವಾಗಿದೆ. ಅಲ್ಬೇನಿಯನ್ ಮತ್ತು ಮಾಂಟೆನೆಗ್ರೊ ಕಡೆಯ ಭಾಷೆ ಎರಡೂ ಬರುತ್ತದೆಯೇ, ಗಡಿ ಅನುಮತಿ ಪಡೆಯುವ ಹೊಣೆ ಯಾರದು, ಗುಂಪಿನಲ್ಲಿ ಎಷ್ಟು ಜನ, ಮನೆಗಳನ್ನು ಯಾರು ಕಾಯ್ದಿರಿಸುತ್ತಾರೆ, ಹವಾಮಾನ ಕೆಟ್ಟರೆ ಬದಲಿ ದಾರಿ ಯಾವುದು ಎಂದು ಮುಂಗಡ ಕೊಡುವ ಮೊದಲೇ ಬರವಣಿಗೆಯಲ್ಲಿ ಕೇಳಿ. ಜೂನ್‌ನಲ್ಲಿ ಎತ್ತರದ ಪಾಸ್‌ಗಳ ಉತ್ತರ ಮಗ್ಗುಲಲ್ಲಿ ಹಿಮ ಉಳಿದಿರುತ್ತದೆ. ಜುಲೈಯಿಂದ ಸೆಪ್ಟೆಂಬರ್ ನಡುವಿನ ಅವಧಿ ಒಳ್ಳೆಯದು. ಕೊಸೊವೊ, ಮಾಂಟೆನೆಗ್ರೊಗಳಲ್ಲಿ ಯೂರೋ ನಡೆಯುತ್ತದೆ, ಅಲ್ಬೇನಿಯದ ಹಣ ಲೆಕ್. ಬೆಟ್ಟದ ಹಳ್ಳಿಗಳಲ್ಲಿ ಎಟಿಎಂ ನೆಚ್ಚಬಾರದು. ಸಣ್ಣ ನೋಟುಗಳನ್ನು ಶ್ಕೋದರ್‌ನಲ್ಲೇ ಮಾಡಿಸಿಕೊಂಡು ಹೊರಡಬೇಕು. ಮೊಣಕಾಲಿಗೆ ಏರಿಗಿಂತ ಇಳಿಜಾರೇ ಕಷ್ಟವಾದ್ದರಿಂದ ಎರಡು ಚಾರಣದ ಕೋಲುಗಳು ಇರಲೇಬೇಕು.

ವುಸಾನ್ಯೆಯಿಂದ ಥೆತ್‌ಗೆ ಮರಳುವ ಕೊನೆಯ ಹಂತ ರೊಪೊಯಾನ ಕಣಿವೆಯಲ್ಲಿ ಸಾಗುತ್ತದೆ. ಹಿಮ ಕರಗುವ ಕಾಲಕ್ಕೆ ಅಲ್ಲಿ ತುಂಬಿರುವ ಸರೋವರ ಬೇಸಿಗೆಯ ಕೊನೆಗೆ ಬತ್ತಿ ಹುಲ್ಲಾಗುತ್ತದೆ. ಮಗ್ಗುಲಲ್ಲಿ ಈ ಶ್ರೇಣಿಯ ಅತಿ ಎತ್ತರದ ಶಿಖರವಾದ 2,694 ಮೀಟರಿನ ಯೆಜೆರ್ತ್ಸ್ ನಿಂತಿದೆ. ಗಡಿ ದಾಟಿದ ಮೇಲೆ, ಅಲ್ಬೇನಿಯವನ್ನು ದಶಕಗಳ ಕಾಲ ಆಳಿದ ಕಮ್ಯುನಿಸ್ಟ್ ನಾಯಕ ಎನ್ವರ್ ಹೋಜಾ ಕಾಲದ ಕಾಂಕ್ರೀಟ್ ಬಂಕರುಗಳು ಸಿಗುತ್ತವೆ. ಹಿಂದೆ ಈ ಗಡಿಯ ಹತ್ತಿರ ಬರಲು ಊರಿನವರಿಗೇ ಅನುಮತಿ ಇರಲಿಲ್ಲ. ಪೇಯಾ ಪಾಸ್‌ನಿಂದ ಥೆತ್ ಕಡೆಗಿನ ಇಳಿಜಾರು ಕಡಿದಾಗಿದ್ದು, ಸಡಿಲ ಕಲ್ಲುಗಳಿಂದ ತುಂಬಿದೆ. ಮಳೆಯಲ್ಲಿ ಅದನ್ನು ಇಳಿಯಲು ನಾನು ಯಾರಿಗೂ ಹೇಳುವುದಿಲ್ಲ. ನಂತರ ಶ್ಕೋದರ್ ಮೂಲಕ ಅಲ್ಬೇನಿಯ-ಮಾಂಟೆನೆಗ್ರೊ ನಡುವಿನ ಹಾನಿ ಇ ಹೋಟಿಟ್ ಎಂಬ ಅಧಿಕೃತ ಗಡಿಠಾಣೆಯಿಂದ ಹೊರಬಿದ್ದೆವು. ಪಾಸ್‌ಪೋರ್ಟಿನ ಮುದ್ರೆಗಳ ಪ್ರಕಾರ ನಾನು ಅಷ್ಟೂ ದಿನ ಅಲ್ಬೇನಿಯ ಬಿಟ್ಟು ಎಲ್ಲಿಗೂ ಹೋಗಿರಲಿಲ್ಲ. ಅನುಮತಿಪತ್ರದ ಪ್ರತಿಯನ್ನು ಪಾಸ್‌ಪೋರ್ಟಿನ ಜೊತೆಗೇ ಕೊಟ್ಟೆ. ಅಧಿಕಾರಿ ದಿನಾಂಕಗಳನ್ನು ಓದಿ, ಎರಡನ್ನೂ ಮಡಿಸಿ ಹಿಂದಿರುಗಿಸಿದರು.